ಜೂಲಿಯೆಟ್ ಕೇಳಿದ ಪ್ರಶ್ನೆ

ಇಟಲಿಯ ವೆರೋನಾ ನಗರದಲ್ಲಿ ರಾತ್ರಿಯ ಔತಣ ಮುಗಿದಿದೆ. ಕ್ಯಾಪುಲೆಟ್ ಮನೆತನದ ಹಣ್ಣಿನ ತೋಟದೊಳಕ್ಕೆ ಎತ್ತರವಾದ ಗೋಡೆಯನ್ನು ಹಾರಿ ಬಂದ ತರುಣನೊಬ್ಬನು ಮರಗಳ ಮರೆಯಲ್ಲಿ ನಿಂತಿದ್ದಾನೆ. ಮೇಲಂತಸ್ತಿನ ಕಿಟಕಿಯಲ್ಲಿ ಆ ಮನೆಯ ಮಗಳು ಜೂಲಿಯೆಟ್ ಕಾಣಿಸಿಕೊಳ್ಳುತ್ತಾಳೆ. ಹದಿನಾಲ್ಕು ವರ್ಷ ಇನ್ನೂ ತುಂಬದ ಬಾಲೆ; ಒಂಬತ್ತನೆಯ ತರಗತಿಯ ವಿದ್ಯಾರ್ಥಿನಿಯ ವಯಸ್ಸು. ತೋಟದಲ್ಲಿ ಒಬ್ಬರಿದ್ದಾರೆಂಬುದು ಅವಳಿಗೆ ತಿಳಿಯದು. ತನ್ನಷ್ಟಕ್ಕೆ ತಾನೇ ಮಾತನಾಡಿಕೊಳ್ಳುತ್ತ ಅವಳು ರೋಮಿಯೋ ಎಂಬ ಹೆಸರನ್ನು ಮತ್ತೆ ಮತ್ತೆ ಉಚ್ಚರಿಸುತ್ತಾಳೆ. ಉಚ್ಚರಿಸಿ ಒಂದು ಪ್ರಶ್ನೆಯನ್ನು ಕೇಳುತ್ತಾಳೆ. ಆ ಪ್ರಶ್ನೆಯ ಮೊದಲ ಪದ ‘ವೇರ್‌ಫೋರ್’.

ಇದು ಶೇಕ್ಸ್‌ಪಿಯರ್ ಮಹಾಕವಿಯು ಸುಮಾರು 1595ರಲ್ಲಿ ರಚಿಸಿದ, 1597ರಲ್ಲಿ ಮೊದಲು ಅಚ್ಚಾದ ‘ರೋಮಿಯೋ ಅಂಡ್ ಜೂಲಿಯೆಟ್’ ನಾಟಕದ ಎರಡನೆಯ ಅಂಕದ ದೃಶ್ಯ. ಜಗತ್ತಿನ ನಾಟಕ ಸಾಹಿತ್ಯದಲ್ಲಿ ಇದರಷ್ಟು ಪ್ರಸಿದ್ಧವಾದ ದೃಶ್ಯಗಳು ಕೆಲವೇ ಇರಬಹುದು. ಪ್ರಸಿದ್ಧಿ ಹೆಚ್ಚಿದಂತೆ ತಪ್ಪು ತಿಳಿವಳಿಕೆಯೂ ಹೆಚ್ಚುತ್ತದೆ. ಎಲ್ಲರೂ ಇದನ್ನು ‘ಬಾಲ್ಕನಿ ದೃಶ್ಯ’ ಎಂದು ಕರೆಯುತ್ತಾರೆ. ಆದರೆ ನಾಟಕದಲ್ಲಿ ಬಾಲ್ಕನಿ ಎಂಬ ಪದವೇ ಇಲ್ಲ, ಇರುವುದು ಕಿಟಕಿ. ಅದು ಸಣ್ಣ ತಪ್ಪು, ಯಾರಿಗೂ ಅದರಿಂದ ನಷ್ಟವಿಲ್ಲ. ದೊಡ್ಡ ತಪ್ಪು ಬೇರೊಂದು ಉಂಟು.

ಶಾಲಾ ಕಾಲೇಜುಗಳ ವಾರ್ಷಿಕೋತ್ಸವದಲ್ಲಿ ಈ ದೃಶ್ಯವನ್ನು ಅಭಿನಯಿಸುವಾಗ ಜೂಲಿಯೆಟ್‌ಳ ಪಾತ್ರ ವಹಿಸಿದವಳು ಹಣೆಯ ಮೇಲೆ ಅಂಗೈ ಅಡ್ಡವಿಟ್ಟು ಕತ್ತಲೆಯಲ್ಲಿ ಯಾರನ್ನೋ ಹುಡುಕುವವಳಂತೆ ಅತ್ತ ಇತ್ತ ನೋಡುವುದುಂಟು. ನಗೆಚಿತ್ರಗಳಲ್ಲಿಯೂ ಜಾಹೀರಾತುಗಳಲ್ಲಿಯೂ ಅದೇ ಭಂಗಿ. ಹಾಗೆ ಅಭಿನಯಿಸುವವರ ಮನಸ್ಸಿನಲ್ಲಿರುವ ಅರ್ಥ ಸ್ಪಷ್ಟ: ‘ರೋಮಿಯೋ, ನೀನು ಎಲ್ಲಿದ್ದೀಯೆ?’ ‘ವೇರ್’ ಎಂದರೆ ‘ಎಲ್ಲಿ’ ಎಂಬುದನ್ನು ಇಂಗ್ಲಿಷ್ ಕಲಿಯುವ ಮಗು ಮೊದಲ ವರ್ಷದಲ್ಲೇ ಅರಿಯುತ್ತದೆ. ಅದರ ಮುಂದೆ ‘ಫೋರ್’ ಎಂಬ ಬಾಲವೊಂದು ಸೇರಿದ್ದರೆ ಅದು ಕಾವ್ಯದ ಅಲಂಕಾರವಿರಬೇಕೆಂದು ಊಹಿಸುವುದು ಸಹಜ. ಇಂಗ್ಲಿಷನ್ನೇ ತಾಯ್ನುಡಿಯಾಗಿ ಪಡೆದವರಲ್ಲಿಯೂ ಅನೇಕರು ಹೀಗೆಯೇ ಭಾವಿಸಿದ್ದಾರೆ. ಊಹೆ ಸಹಜವಾದುದೇ ಹೊರತು ಸರಿಯಾದುದಲ್ಲ. ವೇರ್‌ಫೋರ್ ಎಂದರೆ ‘ಎಲ್ಲಿ’ ಅಲ್ಲ. ‘ಏಕೆ’, ‘ಏತಕ್ಕಾಗಿ’, ‘ಯಾವ ಕಾರಣದಿಂದ’ ಎಂದು ಅದರ ಅರ್ಥ. ಜೂಲಿಯೆಟ್ ಕೇಳುತ್ತಿರುವುದು ರೋಮಿಯೋ ಎಲ್ಲಿದ್ದಾನೆ ಎಂದಲ್ಲ, ಅವನು ರೋಮಿಯೋ ಏಕಾದ ಎಂದು.

ನಿಘಂಟನ್ನು ಬದಿಗಿರಿಸಿ ನಾಟಕವನ್ನೇ ಸಾಕ್ಷಿಗೆ ಕರೆದರೂ ಈ ತೀರ್ಮಾನವೇ ಬರುತ್ತದೆ. ಜೂಲಿಯೆಟ್ ಒಬ್ಬಂಟಿಯಾಗಿದ್ದೇನೆಂದು ತಿಳಿದು ಮಾತನಾಡುತ್ತಿದ್ದಾಳೆ. ಮರೆಯಿಂದ ರೋಮಿಯೋ ದನಿಗೊಟ್ಟಾಗ ಬೆಚ್ಚಿಬೀಳುತ್ತಾಳೆ. ಹುಡುಕುತ್ತಿದ್ದವಳು ಸಿಕ್ಕಿದಾಗ ಬೆಚ್ಚುವುದೇಕೆ? ಇದಕ್ಕಿಂತಲೂ ಬಲವಾದ ಸಾಕ್ಷ್ಯ ಅದೇ ದೃಶ್ಯದಲ್ಲಿ ಸ್ವಲ್ಪ ಮುಂದೆ ದೊರೆಯುತ್ತದೆ. ಎದುರಿಗೆ ನಿಂತ ರೋಮಿಯೋನನ್ನು ಅವಳು ಎರಡು ಮಾತು ಕೇಳುತ್ತಾಳೆ. ಇಲ್ಲಿಗೆ ಹೇಗೆ ಬಂದೆ ಎಂಬುದು ಒಂದು. ಎರಡನೆಯ ಪ್ರಶ್ನೆಗೆ ಅವಳು ಬಳಸುವುದು ಇದೇ ವೇರ್‌ಫೋರ್ ಎಂಬ ಪದವನ್ನು. ಅದಕ್ಕೆ ‘ಎಲ್ಲಿ’ ಎಂದು ಅರ್ಥ ಹಚ್ಚಿದರೆ ಪ್ರಶ್ನೆ ಹುಚ್ಚು ಮಾತಾಗುತ್ತದೆ. ಕಣ್ಣೆದುರಿಗೇ ನಿಂತವನನ್ನು ಎಲ್ಲಿ ಬಂದೆ ಎಂದು ಯಾರೂ ಕೇಳರು. ‘ಏತಕ್ಕೆ ಬಂದೆ’ ಎಂದು ತಿಳಿದರೆ ಎಲ್ಲವೂ ನೇರವಾಗುತ್ತದೆ.

ವಾಕ್ಯರಚನೆಯೂ ಹೀಗೆಯೇ ಹೇಳುತ್ತದೆ. ಅವಳ ಮೊದಲ ಪ್ರಶ್ನೆಯಿರುವ ಸಾಲಿನಲ್ಲಿ ರೋಮಿಯೋ ಎಂಬ ಹೆಸರು ಮೂರು ಸಲ ಬರುತ್ತದೆ. ಮೊದಲೆರಡು ಸಂಬೋಧನೆ, ಕರೆಯುವ ಮಾತು. ಕೊನೆಯದು ಸಂಬೋಧನೆಯಲ್ಲ, ‘ನೀನು’ ಎಂಬ ಕರ್ತೃವಿಗೆ ಹೊಂದುವ ವಿಧೇಯ. ಅದರ ಹಿಂದೆ ಅಲ್ಪವಿರಾಮವನ್ನು ಇಡಬಾರದು. ನಟಿಯು ಒತ್ತಿ ಹೇಳಬೇಕಾದುದು ಆ ಮೂರನೆಯ ಹೆಸರನ್ನು. ಆ ವಾಕ್ಯದಲ್ಲಿ ‘ನೀನು’ ಎಂಬರ್ಥದ ‘ದೌ’ ಎಂಬ ಏಕವಚನ ಸರ್ವನಾಮವೂ ಇದೆ; ಅದರ ಜೊತೆಗಿರುವ ‘ಆರ್ಟ್’ ಎಂಬುದು ಕಲೆಯಲ್ಲ, ‘ಇದ್ದೀಯೆ’ ಎಂಬ ಕ್ರಿಯಾಪದ. ಇಂಗ್ಲಿಷರು ಈ ಏಕವಚನವನ್ನು ಸಾಮಾನ್ಯ ಬಳಕೆಯಿಂದ ಕಳೆದುಕೊಂಡು ಹಿರಿಯರಿಗೂ ಕಿರಿಯರಿಗೂ ಒಂದೇ ‘ಯೂ’ ಎನ್ನುತ್ತಾರೆ. ನೀನು, ನೀವು ಎಂಬ ಭೇದವನ್ನು ಉಳಿಸಿಕೊಂಡಿರುವ ಕನ್ನಡಿಗನಿಗೆ ಜೂಲಿಯೆಟ್‌ಳ ಸಲುಗೆ ಇಂದಿನ ಇಂಗ್ಲಿಷ್ ಓದುಗನಿಗಿಂತ ಬೇಗ ತಿಳಿಯುತ್ತದೆ.

ಹಾಗಾದರೆ ಒಬ್ಬನನ್ನು ‘ನೀನು ರೋಮಿಯೋ ಏಕಾದೆ’ ಎಂದು ಕೇಳುವುದರ ಅರ್ಥವೇನು? ವೆರೋನಾದಲ್ಲಿ ಮಾಂಟೆಗ್ಯೂ, ಕ್ಯಾಪುಲೆಟ್ ಎಂಬ ಎರಡು ಮನೆತನಗಳಿಗೆ ಹಳೆಯ ಹಗೆತನ. ಆಳುಗಳು ಬೀದಿಯಲ್ಲಿ ಎದುರಾದರೂ ಕತ್ತಿಗಳು ಒರೆಯಿಂದ ಹೊರಬರುತ್ತವೆ. ರೋಮಿಯೋ ಮಾಂಟೆಗ್ಯೂ ಮನೆಯ ಮಗ. ಅವನು ಮುಖವಾಡ ಧರಿಸಿ ಶತ್ರುಗಳ ಮನೆಯ ಔತಣಕ್ಕೆ ಬಂದನು, ಜೂಲಿಯೆಟ್‌ಳನ್ನು ಕಂಡನು, ಇಬ್ಬರೂ ಒಬ್ಬರನ್ನೊಬ್ಬರು ಮೆಚ್ಚಿದರು. ಹೆಸರು ತಿಳಿದದ್ದು ಆಮೇಲೆ. ತಿಳಿದ ಮೇಲೆ ಜೂಲಿಯೆಟ್‌ಳಿಗೆ ಹೊಳೆದದ್ದು ಇದು: ಅವನಲ್ಲಿ ತನಗೆ ಶತ್ರುವಾದದ್ದು ಒಂದೇ, ಅವನ ಹೆಸರು. ಆ ಹೆಸರು ಅವನ ಕೈಯಲ್ಲ, ಕಾಲಲ್ಲ, ಮುಖವಲ್ಲ. ಹೂವಿನ ನಿದರ್ಶನವನ್ನು ತೆಗೆದುಕೊಂಡು, ಪರಿಮಳವು ಹೂವಿಗೆ ಸೇರಿದ್ದೇ ಹೊರತು ಹೂವಿನ ಹೆಸರಿಗೆ ಸೇರಿದ್ದಲ್ಲವೆಂದು ಅವಳು ವಾದಿಸುತ್ತಾಳೆ. ‘ಎಲ್ಲಿದ್ದೀಯೆ’ ಎಂದು ಅವಳನ್ನು ಹುಡುಕಾಟಕ್ಕೆ ಹಚ್ಚಿದರೆ ಈ ವಾದವೆಲ್ಲ ತಲೆಯಿಲ್ಲದ ಮುಂಡವಾಗುತ್ತದೆ. ಹುಡುಕುತ್ತಿದ್ದ ಹುಡುಗಿ ಇದ್ದಕ್ಕಿದ್ದಂತೆ ಹೆಸರಿನ ತತ್ತ್ವವನ್ನು ಹೇಳತೊಡಗಿದಳೇಕೆ ಎಂದು ಕೇಳುಗನು ತಬ್ಬಿಬ್ಬಾಗುತ್ತಾನೆ. ‘ಏಕೆ’ ಎಂದು ತಿಳಿದವನಿಗೆ ಮೊದಲ ಪ್ರಶ್ನೆಯೇ ಬೀಜ, ಮುಂದಿನ ಮಾತೆಲ್ಲ ಅದರಿಂದ ಹೊರಟ ಕೊಂಬೆ.

ಇಲ್ಲಿ ಜಾಣ ವಿದ್ಯಾರ್ಥಿಯೊಬ್ಬನು ಆಕ್ಷೇಪವನ್ನು ಎತ್ತಬಹುದು. ಹಗೆಯ ಹೆಸರು ಮಾಂಟೆಗ್ಯೂ ಅಲ್ಲವೆ? ಜೂಲಿಯೆಟ್ ‘ನೀನು ಮಾಂಟೆಗ್ಯೂ ಏಕಾದೆ’ ಎಂದು ಕೇಳಬೇಕಾಗಿತ್ತು. ಆಕ್ಷೇಪ ನ್ಯಾಯವಾದುದೇ, ವಿದ್ವಾಂಸರೂ ಇದನ್ನು ಚರ್ಚಿಸಿದ್ದಾರೆ. ಆದರೆ ವೆರೋನಾದಲ್ಲಿ ರೋಮಿಯೋ ಎಂದೊಡನೆ ಯಾರ ಮಗನೆಂಬುದು ಎಲ್ಲರಿಗೂ ತಿಳಿದ ಸಂಗತಿ. ಹೆಸರು ಹೇಳಿದೊಡನೆ ಮನೆ, ಮನೆ ಹೇಳಿದೊಡನೆ ಹಗೆ ಬೆನ್ನಿಗೇ ಬರುತ್ತವೆ. ಮರುಸಾಲಿನಲ್ಲಿಯೇ ಅವಳು ತಂದೆಯನ್ನೂ ಹೆಸರನ್ನೂ ತೊರೆಯುವಂತೆ ಅವನನ್ನು ಬೇಡುವುದನ್ನು ಕಂಡರೆ ಅವಳ ಮನಸ್ಸಿನಲ್ಲಿ ಎರಡು ಹೆಸರುಗಳೂ ಒಂದೇ ಗಂಟಾಗಿದ್ದವೆಂಬುದು ಗೊತ್ತಾಗುತ್ತದೆ. ಹೆಸರನ್ನು ಕೇಳಿ ಕುಲವನ್ನು ಅಳೆಯುವ ಅಭ್ಯಾಸವಿರುವ ಯಾವ ಸಮಾಜದವರಿಗೂ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ.

ಇಷ್ಟಕ್ಕೂ ಆ ಹಗೆಗೆ ಕಾರಣವೇನು? ನಾಟಕದ ಆದಿಯಿಂದ ಅಂತ್ಯದವರೆಗೆ ಹುಡುಕಿದರೂ ಶೇಕ್ಸ್‌ಪಿಯರ್ ಅದನ್ನು ಎಲ್ಲಿಯೂ ತಿಳಿಸುವುದಿಲ್ಲ. ಹಗೆ ಹಳೆಯದೆಂದು ಹೇಳುತ್ತಾನೆ, ಅಷ್ಟೆ. ಕಾದಾಡುವವರಿಗೂ ಕಾರಣ ನೆನಪಿರುವಂತೆ ಕಾಣುವುದಿಲ್ಲ. ಆ ನಗರದಲ್ಲಿ ‘ಏಕೆ’ ಎಂದು ಕೇಳಿದವಳು ಈ ಬಾಲೆಯೊಬ್ಬಳೇ. ಅವಳಿಗೆ ಉತ್ತರ ಬರಲಿಲ್ಲ. ಮರ್ಕ್ಯುಷಿಯೋ, ಟಿಬಾಲ್ಟ್, ಪ್ಯಾರಿಸ್ ಕತ್ತಿಗೆ ಬಲಿಯಾದರು. ಮಗನ ಗಡೀಪಾರಿನ ದುಃಖದಿಂದ ರೋಮಿಯೋನ ತಾಯಿ ತೀರಿಕೊಂಡಳು. ಕೊನೆಗೆ ಗೋರಿಯೊಳಗೆ ರೋಮಿಯೋ ವಿಷ ಕುಡಿದು, ಜೂಲಿಯೆಟ್ ಕಠಾರಿಯಿಂದ ಇರಿದುಕೊಂಡು ಪ್ರಾಣಬಿಟ್ಟರು. ಆಮೇಲೆ ಇಬ್ಬರು ತಂದೆಯರೂ ಕೈಕೈ ಹಿಡಿದು, ಒಬ್ಬರ ಮಗುವಿಗೆ ಇನ್ನೊಬ್ಬರು ಚಿನ್ನದ ಪ್ರತಿಮೆ ನಿಲ್ಲಿಸುವುದಾಗಿ ಮಾತುಕೊಟ್ಟರು. ‘ಏಕೆ’ ಎಂಬ ಪದವನ್ನು ‘ಎಲ್ಲಿ’ ಎಂದು ಓದಿದವನು ಕಳೆದುಕೊಳ್ಳುವುದು ಒಂದು ಪದದ ಅರ್ಥವನ್ನು ಮಾತ್ರವೆಂದು ಹೇಳಲಾಗದು.

ಇನ್ನು ಆ ಪದದ ಹುಟ್ಟನ್ನು ನೋಡಬಹುದು. ‘ಎಲ್ಲಿ’ ಎಂಬರ್ಥದ ‘ವೇರ್’ ಸೇರಿರುವ ಪದಕ್ಕೆ ‘ಏಕೆ’ ಎಂಬ ಅರ್ಥ ಬಂದುದು ಹೇಗೆ? ಇದಕ್ಕೆ ಉತ್ತರವನ್ನು ವಿದ್ಯಾರ್ಥಿಗಳು ತಿಳಿಯದೆಯೇ ತಮ್ಮ ರೇಖಾಗಣಿತದ ಪುಸ್ತಕದಲ್ಲಿ ಇಟ್ಟುಕೊಂಡಿದ್ದಾರೆ. ಪ್ರಮೇಯವನ್ನು ಸಾಧಿಸುವಾಗ ಮೂರು ಚುಕ್ಕೆಗಳನ್ನಿಟ್ಟು ‘ಆದುದರಿಂದ’ ಎಂದು ಓದುತ್ತಾರಷ್ಟೆ. ಇಂಗ್ಲಿಷಿನಲ್ಲಿ ಅದೇ ಚುಕ್ಕೆಗಳನ್ನು ‘ದೇರ್‌ಫೋರ್’ ಎಂದು ಓದುವರು. ‘ದೇರ್’ ಎಂದರೆ ‘ಅಲ್ಲಿ’. ಆದರೂ ದೇರ್‌ಫೋರ್ ಎಂಬುದಕ್ಕೆ ‘ಅಲ್ಲಿ’ ಎಂದು ಯಾರೂ ಅರ್ಥ ಹೇಳುವುದಿಲ್ಲ. ‘ಆ ಕಾರಣದಿಂದ’ ಎಂದೇ ಹೇಳುತ್ತಾರೆ. ದೇರ್‌ಫೋರ್ ಉತ್ತರವಾದರೆ ವೇರ್‌ಫೋರ್ ಅದರ ಪ್ರಶ್ನೆ. ಒಂದೇ ಅಚ್ಚಿನಲ್ಲಿ ಎರಕಗೊಂಡ ಜೋಡಿ. ಒಂದನ್ನು ದಿನವೂ ಬಳಸುತ್ತ ಇನ್ನೊಂದನ್ನು ಮರೆತದ್ದರಿಂದ ಬಂದ ತೊಂದರೆ ಇದು.

ಇಂಗ್ಲಿಷಿನ ಈ ವರ್ಗದ ಪದಗಳಲ್ಲಿ ಒಂದು ಕ್ರಮವುಂಟು. ಅದನ್ನು ಕನ್ನಡದ ಜೊತೆಗಿಟ್ಟು ನೋಡಿದರೆ ಬೇಗ ಮನಸ್ಸಿಗೆ ಹತ್ತುತ್ತದೆ. ಕನ್ನಡದಲ್ಲಿ ಇಲ್ಲಿ, ಅಲ್ಲಿ, ಎಲ್ಲಿ. ಇಂಗ್ಲಿಷಿನಲ್ಲಿ ಹಿಯರ್, ದೇರ್, ವೇರ್. ಕನ್ನಡದಲ್ಲಿ ಇತ್ತ, ಅತ್ತ, ಎತ್ತ. ಹಳೆಯ ಇಂಗ್ಲಿಷಿನಲ್ಲಿ ಹಿದರ್, ದಿದರ್, ವಿದರ್. ಇಲ್ಲಿಂದ, ಅಲ್ಲಿಂದ, ಎಲ್ಲಿಂದ ಎಂಬುವುಗಳಿಗೆ ಹೆನ್ಸ್, ದೆನ್ಸ್, ವೆನ್ಸ್. ಹತ್ತಿರದ ವಸ್ತುವಿಗೆ ಒಂದು ಆದ್ಯಕ್ಷರ, ದೂರದ್ದಕ್ಕೆ ಇನ್ನೊಂದು, ಪ್ರಶ್ನೆಗೆ ಮತ್ತೊಂದು. ಕನ್ನಡವು ದ್ರಾವಿಡ ಭಾಷೆ, ಇಂಗ್ಲಿಷ್ ಜರ್ಮಾನಿಕ್ ಪಂಗಡದ್ದು, ಇವೆರಡಕ್ಕೂ ರಕ್ತಸಂಬಂಧವಿಲ್ಲ. ಮನುಷ್ಯರು ಒಂದೇ ಬಗೆಯಾಗಿ ಯೋಚಿಸಿದ್ದರ ಫಲ ಈ ಸಾಮ್ಯ. ಕನ್ನಡದ ತ್ರಿವಳಿಗಳು ಇಂದಿಗೂ ಮನೆಮಾತಿನಲ್ಲಿವೆ. ಇಂಗ್ಲಿಷಿನಲ್ಲಿ ಎರಡನೆಯ ಸಾಲು ಬಹುಮಟ್ಟಿಗೆ ಪುಸ್ತಕದ ಪಾಲಾಯಿತು. ಮೂರನೆಯದರಲ್ಲಿ ‘ಹೆನ್ಸ್’ ಒಂದು ಮಾತ್ರ ‘ಆದುದರಿಂದ’ ಎಂಬ ಅರ್ಥದಲ್ಲಿ ಬಳಕೆಯಲ್ಲಿದೆ.

ಈ ‘ಹಿಯರ್, ದೇರ್, ವೇರ್’ ಎಂಬ ಮೂರು ಪದಗಳು ಸಮಾಸದಲ್ಲಿ ಸೇರಿದಾಗ ಸ್ಥಳದ ಅರ್ಥವನ್ನು ಬಿಟ್ಟು ‘ಇದು, ಅದು, ಏನು’ ಎಂಬ ಸರ್ವನಾಮಗಳ ಕೆಲಸ ಮಾಡುತ್ತವೆ. ‘ವೇರ್‌ಬೈ’ ಎಂದರೆ ಏತರಿಂದ, ‘ವೇರಿನ್’ ಎಂದರೆ ಏತರಲ್ಲಿ, ‘ವೇರಾಫ್’ ಎಂದರೆ ಏತರ. ಹಾಗೆಯೇ ‘ವೇರ್‌ಫೋರ್’ ಎಂದರೆ ಏತಕ್ಕೆ. ಇದರ ಕೊನೆಯಲ್ಲಿರುವ ‘ಫೋರ್’ ಸಂಖ್ಯಾವಾಚಕವಲ್ಲ. ‘ಸಲುವಾಗಿ’ ಎಂಬರ್ಥದ ‘ಫಾರ್’ ಎಂಬುದರ ಹಳೆಯ ರೂಪ. ಸಾಮಾನ್ಯವಾಗಿ ಇಂಗ್ಲಿಷಿನಲ್ಲಿ ಇಂಥ ಪದಗಳು ನಾಮಪದದ ಹಿಂದೆ ಬರುತ್ತವೆ, ಆದಕಾರಣ ಅವನ್ನು ಉಪಸರ್ಗಗಳೆನ್ನುತ್ತಾರೆ. ಈ ಸಮಾಸಗಳಲ್ಲಾದರೋ ಅವು ಕನ್ನಡದ ವಿಭಕ್ತಿ ಪ್ರತ್ಯಯಗಳ ಹಾಗೆ ಪದದ ಕೊನೆಗೆ ಬಂದು ನಿಂತಿವೆ. ಏತ ಎಂಬುದಕ್ಕೆ ‘ಕ್ಕೆ’ ಸೇರಿದಂತೆ ವೇರ್ ಎಂಬುದಕ್ಕೆ ‘ಫೋರ್’ ಸೇರಿದೆ. ಅಕ್ಷರಕ್ಕೆ ಅಕ್ಷರ ಹೊಂದುವ ಇಂಥ ಜೋಡಿ ಎರಡು ದೂರದ ಭಾಷೆಗಳ ನಡುವೆ ಸಿಗುವುದು ಅಪರೂಪ.

ಸ್ಥಳವನ್ನು ಹೇಳುವ ಪದವು ಕಾರಣವನ್ನು ಹೇಳುವುದು ವಿಚಿತ್ರವೆಂದು ತೋರಬಹುದು. ವಿಚಿತ್ರವೇನೂ ಅಲ್ಲ. ಸಂಸ್ಕೃತದ ‘ಕುತಃ’ ಎಂಬ ಅವ್ಯಯಕ್ಕೆ ‘ಎಲ್ಲಿಂದ’ ಎಂದೂ ‘ಏಕೆ’ ಎಂದೂ ಅರ್ಥವಿದೆ. ‘ಅತಃ’ ಎಂದರೆ ‘ಇಲ್ಲಿಂದ’, ‘ಆದುದರಿಂದ’ ಎರಡೂ ಆಗುತ್ತದೆ. ನೀರು ಎಲ್ಲಿಂದ ಹರಿದು ಬಂತೆಂದು ಕೇಳುವವನೂ ದುಃಖ ಏಕೆ ಬಂತೆಂದು ಕೇಳುವವನೂ ಹುಡುಕುವುದು ಮೂಲವನ್ನೇ. ಕನ್ನಡದಲ್ಲಿಯೂ ಸ್ಥಳವಾಚಕ ಪದ ತನ್ನ ಗಡಿಯನ್ನು ದಾಟಿದೆ. ಹಳಗನ್ನಡದ ಸಪ್ತಮೀ ವಿಭಕ್ತಿಗೆ ‘ಒಳ್’ ಪ್ರತ್ಯಯ. ಹೊಸಗನ್ನಡದಲ್ಲಿ ಅದರ ಜಾಗಕ್ಕೆ ‘ಅಲ್ಲಿ’ ಎಂಬ ಪೂರ್ಣ ಪದವೇ ಬಂದು ಕುಳಿತಿದೆ. ‘ಪ್ರೀತಿಯಲ್ಲಿ’, ‘ಸಿಟ್ಟಿನಲ್ಲಿ’ ಎನ್ನುವಾಗ ಕೈತೋರಿಸಬಹುದಾದ ‘ಅಲ್ಲಿ’ ಯಾವುದೂ ಇಲ್ಲ.

‘ಏಕೆ’ ಎಂಬುದಕ್ಕೆ ಇಂದಿನ ಇಂಗ್ಲಿಷಿನಲ್ಲಿರುವ ‘ವೈ’ ಎಂಬ ಪದದ ಚರಿತ್ರೆಯೂ ಇದಕ್ಕೆ ಹೊಂದಿಕೊಂಡಿದೆ. ಸಾವಿರ ವರ್ಷಗಳ ಹಿಂದಿನ ಇಂಗ್ಲಿಷಿನಲ್ಲಿ ನಾಮಪದಗಳಿಗೂ ಸರ್ವನಾಮಗಳಿಗೂ ವಿಭಕ್ತಿಗಳಿದ್ದವು. ‘ಏನು’ ಎಂಬರ್ಥದ ಸರ್ವನಾಮದ ತೃತೀಯಾ ವಿಭಕ್ತಿಯ ರೂಪವೇ ಇಂದಿನ ‘ವೈ’. ಅಂದರೆ ಮೂಲಾರ್ಥ ‘ಏತರಿಂದ’. ಕನ್ನಡದ ‘ಏಕೆ’ ಎಂಬುದರ ಕೊನೆಯಲ್ಲಿರುವ ‘ಕೆ’ ಚತುರ್ಥೀ ವಿಭಕ್ತಿಯ ಪ್ರತ್ಯಯ. ಅವರು ‘ಏತರಿಂದ’ ಎಂದು ಕೇಳಿದರು, ಕನ್ನಡಿಗರು ‘ಏತಕ್ಕೆ’ ಎಂದು ಕೇಳಿದರು. ಇಂಗ್ಲಿಷರ ವಿಭಕ್ತಿಗಳು ಕ್ರಮೇಣ ಸವೆದುಹೋದುವು. ಸವೆದ ನಾಣ್ಯದ ಮೇಲಿನ ಮುದ್ರೆಯಂತೆ ‘ವೈ’ ಎಂಬಂಥ ಪದಗಳಲ್ಲಿ ಅವುಗಳ ಗುರುತು ಉಳಿದಿದೆ.

ವೇರ್‌ಫೋರ್ ಪದವು ಸುಮಾರು 1200ರ ವೇಳೆಗೆ ಇಂಗ್ಲಿಷ್ ಬರಹದಲ್ಲಿ ಕಾಣಿಸಿಕೊಂಡಿತು. ಶೇಕ್ಸ್‌ಪಿಯರನ ಕಾಲಕ್ಕೆ ಅದು ನಾಲ್ಕು ಶತಮಾನ ಬಾಳಿದ ಪದ. ಅವನ ಪ್ರೇಕ್ಷಕರಲ್ಲಿ ಯಾರಿಗೂ ಅದರ ಅರ್ಥವನ್ನು ವಿವರಿಸಬೇಕಾಗಿರಲಿಲ್ಲ. 1611ರಲ್ಲಿ ಪ್ರಕಟವಾದ ಬೈಬಲಿನ ಪ್ರಸಿದ್ಧ ಇಂಗ್ಲಿಷ್ ಅನುವಾದದಲ್ಲಿ ಅದು ಹೆಜ್ಜೆಹೆಜ್ಜೆಗೂ ದೊರೆಯುತ್ತದೆ. ಕೆಲವೆಡೆ ‘ಏಕೆ’ ಎಂಬ ಪ್ರಶ್ನೆಯಾಗಿ, ಕೆಲವೆಡೆ ‘ಆ ಕಾರಣದಿಂದ’ ಎಂಬ ನಿಗಮನವಾಗಿ. ಆಮೇಲೆ ಚುಟುಕಾದ ‘ವೈ’ ಅದನ್ನು ಹಿಂದಕ್ಕೆ ತಳ್ಳಿತು. ಹೀಗಿದ್ದರೂ ಅದರ ಎರಡು ತುಂಡುಗಳ ಭಾವ ಸಾಯಲಿಲ್ಲ. ಇಂದಿನ ಇಂಗ್ಲಿಷ್ ಮಗು ಏತಕ್ಕೆ ಎಂದು ಕೇಳಬೇಕಾದಾಗ ‘ವಾಟ್ ಫಾರ್’ ಎನ್ನುತ್ತದೆ. ಬೆಸುಗೆ ಬಿಟ್ಟು ಬೇರೆಯಾದ ವೇರ್‌ಫೋರ್ ಅದು. ‘ವೇರ್’ ಇದ್ದ ಜಾಗದಲ್ಲಿ ‘ವಾಟ್’ ಬಂದಿದೆ, ಅಷ್ಟೆ.

ಇಡಿಯ ಪದ ಎರಡು ಕಡೆ ಉಳಿದುಕೊಂಡಿದೆ. ಒಂದು ವಿಷಯದ ಕಾರಣಗಳನ್ನೆಲ್ಲ ಕೂಲಂಕಷವಾಗಿ ತಿಳಿಯುವುದನ್ನು ಅದರ ‘ವೈಸ್ ಅಂಡ್ ವೇರ್‌ಫೋರ್ಸ್’ ತಿಳಿಯುವುದು ಎನ್ನುತ್ತಾರೆ. ಇಲ್ಲಿ ಕ್ರಿಯಾವಿಶೇಷಣವು ನಾಮಪದವಾಗಿ ಬಹುವಚನವನ್ನೂ ಪಡೆದಿದೆ. ಇನ್ನೊಂದು ನ್ಯಾಯಾಲಯ. ಕರ್ನಾಟಕದ ನ್ಯಾಯಾಲಯಗಳಿಗೆ ಇಂಗ್ಲಿಷಿನಲ್ಲಿ ಸಲ್ಲಿಸುವ ಅರ್ಜಿಗಳಲ್ಲಿ ಸಂಗತಿಗಳನ್ನೆಲ್ಲ ನಿವೇದಿಸಿದ ಮೇಲೆ, ಅರ್ಜಿದಾರನು ಬೇಡುವ ಪರಿಹಾರವನ್ನು ಹೇಳುವ ಕೊನೆಯ ಭಾಗವು ಅನೇಕ ವೇಳೆ ಈ ಪದದಿಂದಲೇ ಮೊದಲಾಗುತ್ತದೆ. ‘ಮೇಲ್ಕಂಡ ಕಾರಣಗಳಿಂದ’ ಎಂದು ಅಲ್ಲಿ ಅದರ ಅರ್ಥ. ಜೂಲಿಯೆಟ್‌ಳ ಮಾತನ್ನು ತಪ್ಪಾಗಿ ಅರ್ಥಮಾಡುವ ವಕೀಲನೂ ತನ್ನ ಅರ್ಜಿಯಲ್ಲಿ ಅದನ್ನು ಸರಿಯಾಗಿಯೇ ಬಳಸುತ್ತಾನೆ!

ಅನುವಾದಕರು ಈ ತಪ್ಪಿಗೆ ಸಿಕ್ಕಿಬೀಳಲಿಲ್ಲ. ಜರ್ಮನಿಯ ಶ್ಲೇಗೆಲ್ 1797ರಲ್ಲಿ ಪ್ರಕಟಿಸಿದ ಅನುವಾದದಲ್ಲಿ ಜೂಲಿಯೆಟ್ ‘ವಾರುಮ್’ ಎಂದು ಕೇಳುತ್ತಾಳೆ. ಅದು ಜರ್ಮನ್ ಭಾಷೆಯ ‘ಏಕೆ’. ಆ ಪದದೊಳಗೂ ‘ಎಲ್ಲಿ’ ಎಂಬರ್ಥದ ಹಳೆಯ ಪದವೊಂದು ಅಡಗಿದೆ. ಕನ್ನಡದಲ್ಲಿ ಹತ್ತೊಂಬತ್ತನೆಯ ಶತಮಾನದ ಕೊನೆಯ ಭಾಗದಲ್ಲಿ ಈ ನಾಟಕ ‘ರಾಮವರ್ಮ ಲೀಲಾವತಿ’ ಎಂಬ ರೂಪಾಂತರವಾಗಿ ಬಂದಿತು. ಹೆಸರಿಗಾಗಿ ಅಳುವ ನಾಯಕ ನಾಯಿಕೆಯರು ತಮ್ಮ ಹೆಸರುಗಳನ್ನೇ ಬದಲಿಸಿಕೊಂಡು ಕನ್ನಡ ನಾಡಿಗೆ ಬಂದದ್ದು ಜೂಲಿಯೆಟ್‌ಳಿಗೆ ಒಪ್ಪಿಗೆಯಾಗುತ್ತಿತ್ತೋ ಏನೋ.

ಇಂಗ್ಲಿಷಿನ ಸೋದರ ಭಾಷೆಗಳಲ್ಲಿ ಈ ಪದದ ಒಡಹುಟ್ಟುಗಳು ಇಂದಿಗೂ ಮುಪ್ಪನ್ನು ಕಂಡಿಲ್ಲ. ಡೆನ್ಮಾರ್ಕ್ ಮತ್ತು ನಾರ್ವೆಗಳಲ್ಲಿ ‘ವೊರ್’ ಎಂದರೆ ಎಲ್ಲಿ, ‘ವೊರ್‌ಫೊರ್’ ಎಂದರೆ ಏಕೆ. ಬರೆಯುವಾಗ ಅವರು ಹಳೆಯ ಇಂಗ್ಲಿಷಿನವರಂತೆ ಹಕಾರವನ್ನು ಮೊದಲಿಗೆ ಬರೆಯುತ್ತಾರೆ, ಉಚ್ಚರಿಸುವುದಿಲ್ಲ. ಅಲ್ಲಿನ ಮಗು ಬೆಳಗಿನಿಂದ ಸಂಜೆಯವರೆಗೆ ತಾಯಿಯ ಸೆರಗು ಹಿಡಿದು ಕೇಳುವ ಪ್ರಶ್ನೆ ಅದೇ: ಮಳೆ ಬರುವುದು ವೊರ್‌ಫೊರ್, ಬೇಗ ಮಲಗಬೇಕಾದುದು ವೊರ್‌ಫೊರ್. ಆ ಮಗು ಬೆಳೆದು ರೋಮಿಯೋ ಜೂಲಿಯೆಟರ ನಾಟಕಕ್ಕೆ ಹೋದಾಗ, ಕಿಟಕಿಯಲ್ಲಿ ನಿಂತ ಹುಡುಗಿ ಯಾರನ್ನೂ ಹುಡುಕುತ್ತಿಲ್ಲವೆಂದು ಅದಕ್ಕೆ ಯಾರೂ ಹೇಳಿಕೊಡಬೇಕಾಗುವುದಿಲ್ಲ.